ಕೆಂಪು ಚೀಟಿಯಲ್ಲಿ ಇಲ್ಲದ ಊರು

ಯುಟ್ರೆಕ್ಟ್ ಸ್ಟೇಷನ್ನಿನ ಕಾಫಿ ಅಂಗಡಿಯಲ್ಲಿ ಕೂತಿದ್ದೇವೆ. ಹೊರಗೆ ಬೆಳಗಿನಿಂದ ಅದೇ ಬೂದು ಬೆಳಕು. ಸೋದರಳಿಯ ಸಂದೀಪ ತಾನು ಮದುವೆಯಾಗಬೇಕೆಂದಿರುವ ಹುಡುಗಿಯನ್ನು ಕರೆತಂದಿದ್ದಾನೆ. ಹೆಸರು ಲೀಕೆ. ಚೀನಾದ ಅನಾಥಾಲಯದಲ್ಲಿ ನಾಲ್ಕು ವರ್ಷ ಬೆಳೆದು, ಇಲ್ಲಿನ ಡಚ್ ಮನೆಯೊಂದಕ್ಕೆ ದತ್ತು ಬಂದವಳು.

ಇದೆಲ್ಲ ಗೊತ್ತಿದ್ದೂ ನಮ್ಮಕ್ಕ ಮೊಬೈಲಿನಲ್ಲಿ ಜಾತಕದ ಆ್ಯಪ್ ತೆರೆದಳು. "ಹುಟ್ಟಿದ ಟೈಮ್ ಕೇಳೋ."

"ಸುಮ್ನಿರಮ್ಮ," ಎಂದ ಸಂದೀಪ. ನನಗೆ ಎದ್ದು ಹೋಗೋಣವೆನಿಸಿತು.

ಲೀಕೆ ಬಿಡದೆ ಅವನಿಂದ ವಿಷಯ ತಿಳಿದುಕೊಂಡಳು. ಪರ್ಸಿನಿಂದ ಒಂದು ಕೆಂಪು ಚೀಟಿ ತೆಗೆದಳು. ಅನಾಥಾಲಯದ ಗೇಟಿನ ಬಳಿ ಸಿಕ್ಕಾಗ ಅವಳ ಅಂಗಿಗೆ ಸಿಕ್ಕಿಸಿದ್ದ ಚೀಟಿಯಂತೆ. ಮಕ್ಕಳಿಗೆಲ್ಲ ಒಂದೇ ಮನೆತನದ ಹೆಸರಿಟ್ಟಿದ್ದ ಆ ಕಟ್ಟಡದಲ್ಲಿ ತನ್ನದು ಅನ್ನುವಂಥದ್ದು ಅವಳಿಗೆ ಅದೊಂದೇ. ಅದರಲ್ಲಿ ಹುಟ್ಟಿದ ದಿನವಿತ್ತು, ಗಳಿಗೆಯೂ ಇತ್ತು. ಚೀನಾದವರಲ್ಲೂ ಜಾತಕಕ್ಕೆ ಗಳಿಗೆ ಬೇಕಂತೆ. ಮಗುವನ್ನು ಬಿಟ್ಟುಹೋಗುವಾಗಲೂ ಆ ತಾಯಿ ಅದನ್ನು ಬರೆದಿಟ್ಟಿದ್ದಳು.

ಅಕ್ಕನ ಮುಖ ಅರಳಿತು. ಎಲ್ಲ ತುಂಬಿದಳು. ಆ್ಯಪ್ ಮುಂದಕ್ಕೆ ಹೋಗಲಿಲ್ಲ.

"ಹುಟ್ಟಿದ ಊರು ಕೇಳ್ತಿದೆ. ಊರು ಬರೆಯೋದು ಹೆತ್ತೋಳು ಮರ್ತುಬಿಟ್ಟಿದಾಳೆ, ಪಾಪ."

ಸಂದೀಪ ಅದನ್ನು ಇಂಗ್ಲಿಷಿನಲ್ಲಿ ಹೇಳಿದ. ಲೀಕೆ ಚೀಟಿಯನ್ನು ಹಳೆಯ ಮಡಿಕೆಗಳಲ್ಲೇ ಮಡಚುತ್ತ ಮೆಲ್ಲಗೆ ಉತ್ತರಿಸಿದಳು. ಅವನು ಅದನ್ನು ಅಮ್ಮನಿಗೆ ಹೇಳಿದ:

"ಮರ್ತಿಲ್ಲ ಅಂತಾಳಮ್ಮ. ಊರು ಬರೆದ್ರೆ ಮಗು ಹುಡುಕ್ಕೊಂಡು ಬರುತ್ತೆ ಅಂತ ಹೆತ್ತೋಳಿಗೆ ಗೊತ್ತಿತ್ತಂತೆ."