ಜೋಳದ ಡಬ್ಬಿಯಲ್ಲಿಟ್ಟ ಆರು ಬೆಣ್ಣೆಹಣ್ಣು

ಆ ಶನಿವಾರ ಬೆಳಿಗ್ಗೆ ನಾನು ನೋಡಿದ್ದೇನೆ ಎಂದು ಹೇಳಿದ್ದನ್ನು ನಿಜವಾಗಿಯೂ ನೋಡಿದ್ದೆ. ಇದನ್ನು ಮೊದಲೇ ಬರೆದುಬಿಡುತ್ತೇನೆ. ನಮ್ಮ ಮನೆಗೆ ರೊಟ್ಟಿ ಮಾಡಲು ಬರುವ ಹೆಂಗಸು ಹಿತ್ತಲ ಬಾಗಿಲಿನಿಂದ ಹೊರಗೆ ಹೋಗುತ್ತಿದ್ದಳು. ಸೊಂಟದ ಎಡಗಡೆ, ಸೀರೆಯ ಸೆರಗಿನೊಳಗೆ, ಮುಷ್ಟಿ ಗಾತ್ರದ ದುಂಡಗಿನದೇನೋ ಉಬ್ಬಿಕೊಂಡಿತ್ತು. ಕೈಯಲ್ಲಿ ಅವಳ ದಿನದ ಬಟ್ಟೆಚೀಲವಿತ್ತು. ಇಷ್ಟು ಮಾತ್ರ ನಾನು ಕಂಡದ್ದು. ಉಳಿದದ್ದೆಲ್ಲ ನಾನು ಸೇರಿಸಿದ್ದು.

ನಮ್ಮ ಮನೆ ಬಸವಕಲ್ಯಾಣದಲ್ಲಿ, ನನ್ನ ಕೆಲಸ ಹುಮನಾಬಾದಿನಲ್ಲಿ. ಅಲ್ಲಿನ ಒಂದು ಕಚೇರಿಯಲ್ಲಿ ಕಾಗದಪತ್ರ ತಾಳೆ ನೋಡುತ್ತೇನೆ. ಹೆಸರು, ಸಹಿ, ಊರು ಒಂದಕ್ಕೊಂದು ಹೊಂದುತ್ತವೆಯೇ ಎಂದು ನೋಡಿ ನೋಡಿ, ಹೊಂದದ್ದು ಕಂಡರೆ ಬೆರಳಿಡುವುದು ಅಭ್ಯಾಸವಾಗಿದೆ. ಆ ಅಭ್ಯಾಸದ ಬಗ್ಗೆ ನನಗೆ ಸ್ವಲ್ಪ ಹೆಮ್ಮೆಯೂ ಇತ್ತು.

ಮಗಳಿಗೆ ಬೀದರಿನಲ್ಲಿ ನರ್ಸ್ ಕೆಲಸ ಸಿಕ್ಕಿತ್ತು. ಜೊತೆಯಲ್ಲಿ ಓದಿದ ಐದು ಹುಡುಗಿಯರನ್ನು ಭಾನುವಾರ ಮಧ್ಯಾಹ್ನ ಪಾರ್ಟಿಗೆ ಕರೆದಿದ್ದಳು. "ಮಮ್ಮಿ, ರೊಟ್ಟಿ ಅದ್ದಿ ತಿನ್ನಾಕ ಬಟರ್ ಫ್ರೂಟಿಂದು ಡಿಪ್ ಮಾಡೋಣು. ಖಾರ ಇರಬೇಕು, ಹೊಗಿ ವಾಸನಿ ಇರಬೇಕು. ಹೈದರಾಬಾದಿನಾಗ ಒಮ್ಮೆ ತಿಂದಿದ್ದೆವು, ಇವತ್ತಿಗೂ ಅದೇ ಮಾತಾಡ್ತಾರ," ಎಂದಳು. ಹೊಗೆ ನಮ್ಮ ಮನೆಗೆ ಹೊಸದಲ್ಲ. ಅತ್ತೆಗೆ ಗ್ಯಾಸಿನ ಮೇಲಿನ ರೊಟ್ಟಿ ಸೇರುವುದಿಲ್ಲವಾದ್ದರಿಂದ ಹಿತ್ತಲಲ್ಲಿ ಇನ್ನೂ ಕಟ್ಟಿಗೆ ಒಲೆಯಿದೆ. ರೊಟ್ಟಿ ಮಾಡುವಾಕೆ ಅದೇ ಕೆಂಡದಲ್ಲಿ ಬದನೆಕಾಯಿ ಸುಟ್ಟು ಮಾಡುವ ಚಟ್ನಿಯ ರುಚಿ ನನ್ನ ಕೈಗೆ ಒಮ್ಮೆಯೂ ಬಂದಿಲ್ಲ. ಭಾನುವಾರ ಸ್ವಲ್ಪ ಬೇಗ ಬಂದು ಮೆಣಸಿನಕಾಯಿ, ಟೊಮ್ಯಾಟೊ, ಬೆಳ್ಳುಳ್ಳಿ ಸುಟ್ಟುಕೊಡು ಎಂದು ಅವಳಿಗೆ ಹೇಳಿಟ್ಟಿದ್ದೆ.

ಬುಧವಾರ ಸಂಜೆ ಹುಮನಾಬಾದಿನ ಬಸ್ ನಿಲ್ದಾಣದ ಹತ್ತಿರ ಒಂದು ತಳ್ಳುಗಾಡಿಯಲ್ಲಿ ಬೆಣ್ಣೆಹಣ್ಣು ಸಿಕ್ಕವು. ಒತ್ತಿ ನೋಡಿದರೆ ಕಲ್ಲು. ಇವು ಹಣ್ಣಾಗುತ್ತವೋ ಇಲ್ಲವೋ ಎಂದು ನಾನು ಅನುಮಾನಿಸಿದೆ. ಗಾಡಿಯವನು ನಕ್ಕ. "ಮೇಡಂ, ಜ್ವಾಳದಾಗ ಮುಚ್ಚಿಡ್ರಿ. ಭಾನುವಾರಕ್ಕ ಬೆಣ್ಣಿ ಆಗಲಿಲ್ಲಂದ್ರ ನನ್ನ ತಲಿಮ್ಯಾಗ ಒಗದು ಹೋಗ್ರಿ."

ಮನೆಯಲ್ಲಿ ಕಲ್ಲು ಕಸ ಆರಿಸಿ ಹಸನು ಮಾಡಿದ ಜೋಳವನ್ನು ಒಂದು ತಗಡಿನ ಡಬ್ಬಿಯಲ್ಲಿ ಇಡುತ್ತೇವೆ. ಗಿರಣಿಗೆ ಹೋಗುವುದು ಅದರೊಳಗಿನ ಜೋಳವೇ, ಸಾಮಾನ್ಯವಾಗಿ ಸೋಮವಾರ. ಹಸನಾದ ಕಾಳಿನಲ್ಲಿ ಬೇರೇನನ್ನಾದರೂ ಇಟ್ಟರೆ ಅತ್ತೆ ಸಿಟ್ಟಾಗುತ್ತಾರೆ. ಹಾಗಾಗಿ ಗುರುವಾರ ಬೆಳಿಗ್ಗೆ ಅವರು ಪೂಜೆಗೆ ಕುಳಿತ ಹೊತ್ತಿನಲ್ಲಿ ಆರು ಹಣ್ಣನ್ನು ಕಾಳಿನೊಳಗೆ ಹೂತುಬಿಟ್ಟೆ. ರೊಟ್ಟಿ ತಟ್ಟುತ್ತಿದ್ದಾಕೆ ತಲೆಯೆತ್ತಿ ನೋಡಿದಳು.

"ಏನ್ರಿ ಅಕ್ಕೋರ ಅದು, ಹಸರು ತತ್ತಿ ಇದ್ದಂಗ ಅದಲ್ಲ?"

"ಹಣ್ಣವ್ವ. ಅತ್ತಿ ಮುಂದ ಹೇಳಬ್ಯಾಡ."

"ನಾ ಯಾಕ ಹೇಳಲಿ," ಎಂದು ನಕ್ಕು ರೊಟ್ಟಿ ತಿರುವಿದಳು.

ಶುಕ್ರವಾರ ಸಂಜೆ ಕೈ ಹಾಕಿ ಎಣಿಸಿದೆ. ಆರೂ ಇದ್ದವು, ಸ್ವಲ್ಪ ಮೆತ್ತಗಾಗಿದ್ದವು. ಶನಿವಾರ ಸಂಜೆ ಬಸ್ಸಿಳಿದು ಬಂದು ಮತ್ತೆ ಕೈ ಹಾಕಿದೆ. ಮೊಣಕೈಯವರೆಗೂ ಜೋಳವೇ ಸಿಕ್ಕಿತು. ಡಬ್ಬಿಯನ್ನು ಹಿಟ್ಟು ನಾದುವ ಪರಾತದಲ್ಲಿ ಬಗ್ಗಿಸಿದೆ. ಒಂದೂ ಇರಲಿಲ್ಲ. ಜೋಳದ ಮಟ್ಟ ಮಾತ್ರ ನಾನು ಬಿಟ್ಟುಹೋದಷ್ಟೇ, ಬಾಯಿಗಿಂತ ನಾಲ್ಕು ಬೆರಳು ಕೆಳಗೆ ಇತ್ತು. ಕಾಳು ಕದಲಿಲ್ಲ, ಹಣ್ಣು ಮಾತ್ರ ಹೋಗಿವೆ ಎಂದ ಮೇಲೆ, ಎಲ್ಲಿವೆ ಎಂದು ಗೊತ್ತಿದ್ದವರೇ ತೆಗೆದಿರಬೇಕು. ಗೊತ್ತಿದ್ದದ್ದು ನನಗೆ ಮತ್ತು ರೊಟ್ಟಿ ಮಾಡುವಾಕೆಗೆ.

ಅತ್ತೆಯನ್ನು ಕೇಳಿದೆ, "ಅತ್ತಿ, ಇಲ್ಲಿ ಹಣ್ಣ ಇಟ್ಟಿದ್ದೆ, ನೋಡಿದ್ರೇನು?"

"ನನಗ ಯಾರು ತೋರಿಸ್ಯಾರ ಹಣ್ಣ? ಕಣ್ಣಾಗ ಪೊರಿ ಬಂದದ, ಹಣ್ಣ ಎಲ್ಲಿ ಕಾಣಬೇಕು ನನಗ," ಎಂದರು. ಗಂಡನನ್ನು ಕೇಳಿದರೆ, "ಯಾವ ಹಣ್ಣು?" ಎಂದರು. ಇಬ್ಬರೂ ಹೇಳಿದ್ದು ಸತ್ಯ. ಡಬ್ಬಿ ಮುಟ್ಟಿದಿರೇನು ಎಂದು ನಾನು ಕೇಳಲಿಲ್ಲ. ಕೇಳಿದರೆ ಹಸನು ಜೋಳದಲ್ಲಿ ಹಣ್ಣಿಟ್ಟ ನನ್ನ ತಪ್ಪು ಹೊರಬೀಳುತ್ತಿತ್ತು.

ಬೆಳಿಗ್ಗೆ ಕಂಡ ಉಬ್ಬು ನೆನಪಾದದ್ದು ಆಗ. ಮಗಳಿಗೆ ಹೇಳಿದೆ.

"ಮಮ್ಮಿ, ಆರು ಹಣ್ಣು ಒಂದು ಸೊಂಟದಾಗ ಹ್ಯಾಂಗ ಹಿಡಿಸ್ತಾವ?"

"ಒಂದು ಸೊಂಟದಾಗ, ಐದು ಚೀಲದಾಗ."

"ಚೀಲ ಇದ್ದಾಗ ಆರನೇದ್ದು ಸೊಂಟದಾಗ ಯಾಕ ಇಟ್ಕೋತಾಳ?"

ಕಚೇರಿಯಲ್ಲಾಗಿದ್ದರೆ ಇಂಥ ಕಡೆಯೇ ಬೆರಳಿಡುತ್ತಿದ್ದೆ. ಮನೆಯಲ್ಲಿ, "ನಾನೇ ನೋಡೀನಿ," ಎಂದೆ.

ಅಲ್ಲಿಂದ ಎಲ್ಲವೂ ಬೇರೆಯಾಗಿ ಕಾಣತೊಡಗಿತು. ಹೋದ ತಿಂಗಳು ಎಣ್ಣೆ ಬೇಗ ಮುಗಿದದ್ದು ಯಾಕೆ? ಗುರುವಾರ ಅವಳು ನಕ್ಕದ್ದು ಯಾಕೆ? ಹನ್ನೊಂದು ವರ್ಷ ನಮ್ಮ ಅಡುಗೆಮನೆಯಲ್ಲಿ ಓಡಾಡಿದ ಹೆಂಗಸನ್ನು ಅರ್ಧ ಗಂಟೆಯಲ್ಲಿ ನನಗೆ ಗೊತ್ತಿಲ್ಲದವಳನ್ನಾಗಿ ಮಾಡಿಕೊಂಡೆ.

ಭಾನುವಾರ ಹೇಳಿದಂತೆ ಬೇಗ ಬಂದಳು. ಡಿಪ್ಪಿಗೆಂದು ಬೇರೆಯಾಗಿ ಜಾಲಿ ಕಟ್ಟಿಗೆ ತಂದಿದ್ದಳು. ತೊಗರಿ ಕಟ್ಟಿಗೆ ಭುಗ್ಗನೆ ಉರಿದು ಬೂದಿಯಾಗುತ್ತದೆ, ಹೊಗೆ ಹಿಡಿಸಲು ಜಾಲಿಯ ಕೆಂಡವೇ ಬೇಕು ಎಂದಳು. ಒಲೆ ಹೊತ್ತಿಸಿ, ಹಸಿಮೆಣಸಿನಕಾಯಿ ಸಿಡಿಯದಿರಲೆಂದು ಒಂದೊಂದಕ್ಕೂ ಸಣ್ಣಗೆ ಚಾಕು ತಾಗಿಸುತ್ತಿದ್ದಳು. ನಾನು ಬಾಗಿಲಲ್ಲಿ ನಿಂತು ಅವಳ ಕೈಗಳನ್ನೇ ನೋಡುತ್ತಿದ್ದೆ.

"ಹಣ್ಣ ತರ್ರಿ ಅಕ್ಕೋರ, ಮೆತ್ತಗಾಗ್ಯಾವೋ ಇಲ್ಲೋ ನೋಡೂಣು."

ನನ್ನ ಬಾಯಿಗೆ ಬೇಕಾದ ಮಾತನ್ನು ಅವಳೇ ಕೊಟ್ಟ ಹಾಗಾಯಿತು. "ಹಣ್ಣ ಎಲ್ಲಿ ಅವ? ನಿನಗ ಗೊತ್ತಿರಬೇಕಲ್ಲ?"

"ಡಬ್ಬಿದಾಗ ಇಟ್ಟಿದ್ರಲ್ಲ."

"ಡಬ್ಬಿದಾಗ ಇಲ್ಲ. ನಿನ್ನಿ ಸೊಂಟಕ್ಕ ಏನು ಸಿಗಿಸ್ಕೊಂಡು ಹೋದಿ?"

ಅವಳು ಚಾಕು ಕೆಳಗಿಟ್ಟಳು. "ಹಿಟ್ಟಿನ ಉಂಡಿ ರಿ."

"ಎದಕ್ಕ?"

"ಆಕಳಿಗಿ. ರೊಟ್ಟಿ ಹಿಟ್ಟಿಂದು ಕಡೀ ಉಂಡಿ ಆಕಳಿಗಿ ಹಾಕು ಅಂತ ದೊಡ್ಡವ್ವಾರೇ ಹೇಳ್ಯಾರ. ದಿನಾ ಹಾಕ್ತೀನಿ. ಚೀಲದಾಗ ಇಟ್ರ ಅಡಿಕಿ ವಾಸನಿ ಹತ್ತತದಂತ ಸೊಂಟಕ್ಕ ಸಿಗಿಸ್ಕೋತೀನಿ."

"ಹನ್ನೊಂದು ವರ್ಷದಾಗ ನಾ ಒಮ್ಮೆರೆ ನೋಡಿಲ್ಲ?"

"ನೀವು ಬಸ್ಸಿನ ಅವಸರದಾಗ ಇರ್ತೀರಿ. ನಿನ್ನಿ ಒಂದಿನ ನೋಡೀರಿ."

ಆಗಲೂ ನಿಲ್ಲಿಸಬಹುದಿತ್ತು. ಅತ್ತೆಯನ್ನು ಕರೆದು ಕೇಳಿದ್ದರೆ ಒಂದು ನಿಮಿಷದ ಮಾತು. ನಾನು, "ಮತ್ತ ಚೀಲದಾಗ?" ಎಂದೆ.

ಅವಳು ಎದ್ದು ಗೂಟಕ್ಕೆ ತೂಗುಹಾಕಿದ್ದ ಚೀಲ ತೆಗೆದು ಬಟ್ಟೆ ಒಗೆಯುವ ಕಲ್ಲಿನ ಮೇಲೆ ತಲೆಕೆಳಗು ಮಾಡಿದಳು. ಒಂದು ಟವೆಲ್ಲು, ಅಡಿಕೆಚೀಲ, ಮೊಬೈಲು, ರಬ್ಬರ್ ಬ್ಯಾಂಡ್ ಸುತ್ತಿದ ಒಂದು ಬಾಚಣಿಗೆ ಬಿದ್ದವು. "ಇದು ಇವತ್ತಿಂದು ರಿ. ನಿನ್ನಿದು ಹ್ಯಾಂಗ ತೋರಸ್ಲಿ?" ಎಂದಳು. ದನಿ ಏರಲಿಲ್ಲ. ಒಂದೊಂದನ್ನೇ ಒಳಗೆ ಹಾಕಿಕೊಂಡು, ಒಲೆಯಿಂದ ಹೊರಗೆ ಚಾಚಿದ್ದ ಕಟ್ಟಿಗೆಯನ್ನು ಯಾರೂ ಎಡವದಂತೆ ಒಳಗೆ ತಳ್ಳಿ, ಹೊರಟುಹೋದಳು.

ಅರ್ಧ ಗಂಟೆಯಾಗಿರಬಹುದು. ಗಂಡ ಗಿರಣಿಯಿಂದ ಹಿಟ್ಟಿನ ಚೀಲ ತಂದರು. ಕೈಯಲ್ಲಿ ಇನ್ನೊಂದು ಪ್ಲಾಸ್ಟಿಕ್ ಚೀಲ. "ಗಿರಣಿಯಾವ ನಗಾಕತ್ತಾನ. ನಿಮ್ಮ ಜ್ವಾಳ ಭಾರಿ ಬೆಳದದ, ಹಣ್ಣೇ ಬಿಟ್ಟಾವ ಅಂತಾನ," ಎಂದು ನನ್ನ ಮುಂದೆ ಹಿಡಿದರು. ಆರು ಹಣ್ಣಿದ್ದವು. ಮೈಮೇಲೆ ಹಿಟ್ಟಿನ ಧೂಳು. ಒಂದರ ಪಕ್ಕ ಮಾತ್ರ ಜಜ್ಜಿತ್ತು.

ಅತ್ತೆ ಒಳಗಿನಿಂದ, "ಮಂದಿ ಬರ್ತಾರ ಅಂತ ಸೋಮವಾರದ ಜ್ವಾಳ ಶನಿವಾರನೇ ಇವನ ಕೈಲೆ ಕೊಟ್ಟು ಕಳಿಸಿದೆ. ಡಬ್ಬಿ ಖಾಲಿ ಇರಬಾರದಂತ ಮತ್ತ ಹಸನ ಮಾಡಿ ತುಂಬಿಟ್ಟೀನಿ. ಯಾಕ, ಏನಾತು?" ಎಂದರು. ಪೊರೆ ಬಂದ ಕಣ್ಣು. ಡಬ್ಬಿಯನ್ನು ಹಾಗೆಯೇ ಚೀಲದೊಳಗೆ ಬಗ್ಗಿಸಿದ್ದಾರೆ. ಶನಿವಾರ ದಿನವಿಡೀ ಕರೆಂಟಿಲ್ಲದೆ ಚೀಲ ಗಿರಣಿಯಲ್ಲೇ ಕೂತಿತ್ತು. ಜೋಳ ಬೀಸುವಾಗ ಗಿರಣಿಯವನು ಹಣ್ಣು ಆರಿಸಿ ತೆಗೆದಿಟ್ಟಿದ್ದ.

ಇನ್ನೊಂದು ಮಾತೂ ಕೇಳಲೇಬೇಕಾಗಿತ್ತು. "ಅತ್ತಿ, ಕಡೀ ಉಂಡಿ ಆಕಳಿಗಿ ಹಾಕು ಅಂತ ಹೇಳೀರೇನು?"

"ಹೌದಲ್ಲ. ನೀ ಈ ಮನಿಗಿ ಬಂದು ಇಪ್ಪತ್ತಾರು ವರ್ಷ ಆತು, ಇಷ್ಟು ಗೊತ್ತಿಲ್ಲೇನು?"

ನಾನು ಅವಳ ಮನೆಗೆ ಹೋದೆ. ನಮ್ಮ ಓಣಿಯ ಹಿಂದಿನ ಓಣಿ, ನಡೆದರೆ ಎಂಟು ನಿಮಿಷ. ದಾರಿಯುದ್ದಕ್ಕೂ ಏನು ಹೇಳಬೇಕೆಂದು ಜೋಡಿಸಿಕೊಂಡೆ. ಅವಳು ಅಂಗಳದಲ್ಲಿ ಕುಳಿತು ಸೊಪ್ಪು ಬಿಡಿಸುತ್ತಿದ್ದಳು. ಕೈ ನಿಲ್ಲಿಸಲಿಲ್ಲ. "ಹಣ್ಣ ಸಿಕ್ಕಾವ. ಗಿರಣಿಗಿ ಹೋಗಿದ್ದವು. ನಂದೇ ತಪ್ಪು," ಎಂದೆ. ಜೋಡಿಸಿಕೊಂಡದ್ದರಲ್ಲಿ ಬಾಯಿಗೆ ಬಂದದ್ದು ಅಷ್ಟೇ.

ಅವಳು ಬಿಡಿಸಿದ ಸೊಪ್ಪನ್ನು ಪಕ್ಕಕ್ಕೆ ಸರಿಸಿದಳು. ಆಮೇಲೆ, "ಒಲಿ ಆರಿಸಿ ಬಂದೀರೇನು?" ಎಂದು ಕೇಳಿದಳು.

"ಇಲ್ಲ, ಉರಿಯಾಕತ್ತದ."

"ಹಂಗಾರ ಜಾಲಿ ಕಟಗಿ ಕೆಂಡ ಆಗಿರಬೇಕು. ನಡೀರಿ."

ಡಿಪ್ ಅವಳೇ ಮಾಡಿದಳು. ಸುಟ್ಟ ಮೆಣಸಿನಕಾಯಿ, ಬೆಳ್ಳುಳ್ಳಿ, ಉಪ್ಪನ್ನು ಕಲ್ಲಿನಲ್ಲಿ ಅರೆದಳು. ಟೊಮ್ಯಾಟೊದ ಕಪ್ಪು ಸಿಪ್ಪೆಯನ್ನು ಅರ್ಧ ಸುಲಿದು ಅರ್ಧ ಬಿಟ್ಟಳು. ಹಣ್ಣನ್ನು ಕೈಯಿಂದಲೇ ಹಿಸುಕಿ ನಿಂಬೆಹುಳಿ ಹಿಂಡಿ ಕಲಸಿದಳು. ಪಾತ್ರೆಯ ನಡುವೆ ಒಂದು ಸ್ಟೀಲಿನ ವಾಟಿ ಇಟ್ಟು, ಅದರಲ್ಲಿ ಒಂದು ನಿಗಿನಿಗಿ ಕೆಂಡ ಹಾಕಿ, ಮೇಲೆ ನಾಲ್ಕು ಹನಿ ತುಪ್ಪ ಬಿಟ್ಟು ಮುಚ್ಚಿದಳು. ಹೊಗೆ ಒಳಗೇ ಸುತ್ತಿತು. ಜಜ್ಜಿದ ಹಣ್ಣನ್ನು ನಾನು ಬೇರೆ ಇಟ್ಟಿದ್ದೆ. "ಅದನೂ ಹಾಕ್ರಿ. ಆರು ಇದ್ದವು, ಆರೂ ಇದರಾಗ ಇರಲಿ," ಎಂದಳು.

ಹುಡುಗಿಯರು ಒಣಗಿಸಿಟ್ಟ ಕಟಕಟಿ ರೊಟ್ಟಿಯನ್ನು ಮುರಿದು ಮುರಿದು ಅದ್ದಿ ತಿಂದರು. ಕಣ್ಣಲ್ಲಿ ನೀರು ಬಂದರೂ ಬಿಡಲಿಲ್ಲ. "ಆಂಟಿ, ಹೈದರಾಬಾದಿಂದು ಇದರ ಮುಂದ ಏನೂ ಇಲ್ರಿ," ಎಂದು ಒಬ್ಬಳು ನನಗೆ ಹೇಳಿದಳು. ಮಾಡಿದವರು ಇವರು ಎಂದು ತೋರಿಸಿದೆ. ಅವಳು ತಲೆ ಅಲ್ಲಾಡಿಸಿ ಪಾತ್ರೆ ತೊಳೆಯಲು ಹೋದಳು.

ಸಂಜೆಯ ರೊಟ್ಟಿ ಮುಗಿಸಿ ಹೊರಡುವಾಗ ನನ್ನ ಮುಂದೆ ಬಂದು ನಿಂತಳು. ಚೀಲದ ಬಾಯಿ ಬಿಡಿಸಿ ಹಿಡಿದಳು. ಟವೆಲ್ಲು, ಅಡಿಕೆಚೀಲ, ಮೊಬೈಲು, ಬಾಚಣಿಗೆ. ಇನ್ನೊಂದು ಕೈಯಲ್ಲಿ, ತೆರೆದ ಅಂಗೈ ಮೇಲೆ, ಹಿಟ್ಟಿನ ಉಂಡೆ.

"ಹಿಂಗ ಮಾಡಬ್ಯಾಡವ್ವ," ಎಂದೆ.

"ಇರಲಿ ರಿ ಅಕ್ಕೋರ. ಒಮ್ಮೆ ನೋಡಿಬಿಡ್ರಿ."

ಸೋಮವಾರವೂ ಹಾಗೆಯೇ ಮಾಡಿದಳು. ಮಂಗಳವಾರವೂ. ಈಗ ಏಳು ತಿಂಗಳಾಯಿತು. ಇದರಲ್ಲಿ ಸಿಟ್ಟಿದೆಯೇ, ಶಿಕ್ಷೆಯಿದೆಯೇ, ಬರೀ ಎಚ್ಚರಿಕೆಯೇ ಎಂದು ಅವಳ ಮುಖದಲ್ಲಿ ಹುಡುಕಿದ್ದೇನೆ, ಸಿಕ್ಕಿಲ್ಲ. ರೊಟ್ಟಿ ಮೊದಲಿನಷ್ಟೇ ತೆಳ್ಳಗೆ ಬರುತ್ತದೆ, ಅತ್ತೆಯೊಂದಿಗೆ ಮೊದಲಿನಂತೆಯೇ ನಗುತ್ತಾಳೆ. ಹುಮನಾಬಾದಿನ ಬಸ್ಸಿಗೆ ಎಷ್ಟೇ ಹೊತ್ತಾಗಿರಲಿ, ನಾನು ಬಾಗಿಲಲ್ಲಿ ನಿಂತು ಚೀಲದೊಳಗೆ ನೋಡುತ್ತೇನೆ. ನೋಡಿದೆ ಎಂದು ನಾನು ಬಾಯಿಬಿಟ್ಟು ಹೇಳುವವರೆಗೂ ಅವಳು ಹೊಸ್ತಿಲು ದಾಟುವುದಿಲ್ಲ.