ಪಕ್ಕದ ಮನೆ ಸೇರಿದ ಅಮ್ಮನ ಹೆಸರು

ಪಕ್ಕದ ಫ್ಲ್ಯಾಟಿನ ರಮ್ಯಾಳ ಕೂಸು ಹುಟ್ಟಿದ ಇಪ್ಪತ್ತೆಂಟನೆಯ ದಿನ, ಮಲಯಾಳಿಗಳ ಪದ್ಧತಿಯಂತೆ ನಾಮಕರಣ. ಕೂಸಿನ ತಾತ ಅದರ ಒಂದು ಕಿವಿಯನ್ನು ವೀಳ್ಯದೆಲೆಯಿಂದ ಮುಚ್ಚಿ, ಇನ್ನೊಂದರಲ್ಲಿ ಮೂರು ಸಲ ಹೆಸರು ಉಸುರಿದರು: "ಗೌರೀಸಾವಿತ್ರಿ." ನಾನು ಬೆಚ್ಚಿಬಿದ್ದೆ. ಸಾವಿತ್ರಿ ನನ್ನ ಅಮ್ಮನ ಹೆಸರು!

"ಗೌರಿ ತೀರಿಹೋದ ನನ್ನಮ್ಮ, ಸಾವಿತ್ರಿ ನಿಮ್ಮಮ್ಮ. ಎರಡನ್ನೂ ಸೇರಿಸಿಬಿಟ್ಟೆ ಚೇಚಿ," ಎಂದಳು ನನ್ನನ್ನು ಅಕ್ಕನೆಂದೇ ಕರೆಯುವ ರಮ್ಯಾ, ಕಣ್ಣೊರೆಸಿಕೊಂಡು.

ನನ್ನ ಬಾಣಂತನಕ್ಕೆಂದು ಮೈಸೂರಿನಿಂದ ನಾವಿರುವ ಎಡಪ್ಪಳ್ಳಿಗೆ ಬಂದಿದ್ದ ಅಮ್ಮ, ತಾಯಿಯಿಲ್ಲದ ರಮ್ಯಾಳ ಕೂಸಿಗೂ ದಿನಾ ಎಣ್ಣೆ ತಿಕ್ಕಿ, ಕಾಲ ಮೇಲೆ ಮಲಗಿಸಿಕೊಂಡು ನೀರು ಹಾಕುತ್ತಿದ್ದಳು. ಆಗಲೇ ನನಗೆ ಸಣ್ಣಗೆ ಉರಿಯುತ್ತಿತ್ತು. ಈಗಂತೂ ಹೊಟ್ಟೆಗೆ ಬೆಂಕಿಯೇ ಬಿತ್ತು. ಆದರೆ ಬಾಯಿ ಬಿಡುವಂತಿರಲಿಲ್ಲ. ನಮ್ಮ ಮಗಳಿಗೆ ಅಜ್ಜಿಯ ಹೆಸರಿಡೋಣವೆಂದು ನನ್ನವರು ಅಂದಾಗ, "ಅಯ್ಯೋ, ಹಳೇ ಕಾಲದ್ದು" ಎಂದು ಅಮ್ಮನೆದುರೇ ಮೂಗು ಮುರಿದವಳು ನಾನು. ಮೊಬೈಲಿನಲ್ಲಿ ಹುಡುಕಿ ಟಿಯಾ ಎಂದಿಟ್ಟವಳೂ ನಾನೇ.

ಅಮ್ಮ ಊರಿಗೆ ಮರಳಿದ್ದಾಳೆ. ಸಂಜೆ ವಿಡಿಯೊ ಕಾಲಿನಲ್ಲಿ ಟಿಯಾಳನ್ನು ಮುದ್ದುಮಾಡಿದ ಮೇಲೆ, "ಎಲ್ಲೇ ನನ್ನ ಸಾವಿತ್ರಿ? ಒಂದ್ಸಲ ತೋರ್ಸು" ಅನ್ನುತ್ತಾಳೆ. ಫೋನು ಹಿಡಿದುಕೊಂಡು ಪಕ್ಕದ ಮನೆಯ ಬೆಲ್ ಒತ್ತುವುದು ಈಗ ನನ್ನ ದಿನನಿತ್ಯದ ಕೆಲಸ.