ಪಿಸ್ತೂಲಿಗೆ ಅಂಗಿ ಹೊಲಿಯುವ ಒರೆಯಮ್ಮ

ಬೆಳಕು ಇನ್ನೂ ಸರಿಯಾಗಿ ಹರಿದಿಲ್ಲ. ಸೇನಾ ವಸ್ತುಸಂಗ್ರಹಾಲಯದ ಮುಂಬಾಗಿಲಿಗೆ ಬೀಗ ಬಿದ್ದಿದೆ. ಹಿಂಬದಿಯ ಮೆಟ್ಟಿಲಿಳಿದರೆ ನೆಲಮಾಳಿಗೆಯ ಒಂದು ಕೋಣೆಯಲ್ಲಿ ಮಾತ್ರ ದೀಪ ಉರಿಯುತ್ತಿದೆ. ಅದರ ಎತ್ತರದ ಕಿಟಕಿಯಿಂದ ಕಾಣುವುದು ಬೀದಿಯಲ್ಲಿ ನಡೆಯುವವರ ಕಾಲುಗಳಷ್ಟೇ. ಕಿಟಕಿಯ ಕೆಳಗಿನ ಮೇಜಿಗೆ ಬಿಳಿ ಬಟ್ಟೆ ಹಾಸಿ, ನಡುವೆ ಒಂದು ಕಂದು ಚರ್ಮದ ಒರೆಯನ್ನಿಟ್ಟುಕೊಂಡು, ಕನ್ನಡಕವನ್ನು ಮೂಗಿನ ತುದಿಗೆ ಜಾರಿಸಿ ಕೂತಿದ್ದಾರೆ ಒರೆಯಮ್ಮ. ಒರೆಯೊಳಗೆ ಒಂದು ರಿವಾಲ್ವರ್ ಇದೆ. ಅದು ಹೊರಗೆ ಬರುತ್ತಿಲ್ಲ.

"ಒಳಗಿರೋದಕ್ಕೂ ಹಟ, ಹಿಡ್ಕೊಂಡಿರೋದಕ್ಕೂ ಹಟ," ಎಂದು ಒರೆಯನ್ನು ಮೆಲ್ಲಗೆ ತಟ್ಟುತ್ತಾರೆ. "ಬೈದ್ರೆ ಆಗಲ್ಲ. ನಯವಾಗಿ ಕೇಳ್ಬೇಕು."

ಅವರಿಗೆ ಬೇರೆ ಹೆಸರಿದೆ. ಆದರೆ ಸಂಬಳದ ದಿನ ಬಿಟ್ಟರೆ ಆ ಹೆಸರಿನಿಂದ ಯಾರೂ ಕರೆಯುವುದಿಲ್ಲ. ಪಿಸ್ತೂಲಿನ ಒರೆ ಹೊಲಿಯುವುದು, ಹಳೆಯ ಒರೆಗಳ ಆರೈಕೆ ಮಾಡುವುದು ಅವರ ಕೆಲಸ. ಮೇಲಿನ ಸಭಾಂಗಣಕ್ಕೆ ಬರುವ ಜನ ಗಾಜಿಗೆ ಮೂಗು ಒತ್ತಿ ಪಿಸ್ತೂಲು ನೋಡುತ್ತಾರೆ. ಪಕ್ಕದಲ್ಲಿ ಬಿದ್ದಿರುವ ಚರ್ಮದ ಕಡೆಗೆ ಕಣ್ಣೂ ಹಾಯಿಸುವುದಿಲ್ಲ. ಒರೆಯಮ್ಮನಿಗೆ ಅದರ ಬೇಸರವೇನಿಲ್ಲ. "ಮದುಮಗನ್ನ ನೋಡೋಕೆ ಬಂದವರು ಅಂಗಿ ಹೊಲಿದ ದರ್ಜಿನ ಕೇಳ್ತಾರಾ?" ಎಂದು ನಗುತ್ತಾರೆ.

ಇಷ್ಟು ಬೇಗ ಬರುವುದಕ್ಕೂ ಕಾರಣವಿದೆ. ಕಚೇರಿ ತೆರೆದು ಎಸಿ ಶುರುವಾದರೆ ಕೋಣೆಯ ಗಾಳಿ ಒಣಗುತ್ತದೆ, ಹಳೆಯ ಚರ್ಮ ಬಿರುಸಾಗುತ್ತದೆ. ಬೆಳಗಿನ ತಂಪಿನಲ್ಲಿ ಅದು ಸ್ವಲ್ಪ ಮಾತು ಕೇಳುತ್ತದೆ. ಅದಕ್ಕೇ ಅವರ ದಿನದ ಅರ್ಧ ಕೆಲಸ ಉಳಿದವರು ಹಾಸಿಗೆ ಬಿಡುವ ಮೊದಲೇ ಮುಗಿದಿರುತ್ತದೆ.

ಮನೆತನದ ಸೂಜಿ ಇದು. ಮುತ್ತಜ್ಜನ ಅಜ್ಜನೋ ಅವರಪ್ಪನೋ, ಯಾರೋ ಒಬ್ಬರು ಕುದುರೆ ಪಡೆಗೆ ಜೀನು ಹೊಲಿಯುತ್ತಿದ್ದರಂತೆ. ಆಗಿನ ಪಿಸ್ತೂಲು ಮೊಳದುದ್ದ. ನಳಿಗೆಯ ಬಾಯಿಂದ ಮದ್ದು ಸುರಿದು, ಗುಂಡು ಜಡಿದು, ಒಮ್ಮೆ ಹಾರಿಸಿದರೆ ಕತೆ ಮುಗಿಯಿತು. ಓಡುವ ಕುದುರೆಯ ಮೇಲೆ ಕೂತು ಮತ್ತೆ ಮದ್ದು ತುಂಬುವುದು ಕನಸಿನ ಮಾತು. ಅದಕ್ಕೇ ಜೀನಿನ ಎರಡೂ ಬದಿಗೆ ಒಂದೊಂದು ಒರೆ, ಜೋಡಿ ಪಿಸ್ತೂಲು. ಎರಡೂ ಖಾಲಿಯಾದರೆ ಏನು ಗತಿ ಎಂದು, ಅವರ ಕೆಲಸ ನೋಡಲು ಬಂದು ಪಕ್ಕದಲ್ಲಿ ಕೂತ ನಾನು ಕೇಳುತ್ತೇನೆ.

"ತಿರುಗಿಸಿ ಹಿಡಿದು ಬಾರಿಸೋದು. ಹಿಡಿ ತುದೀಲಿ ಹಿತ್ತಾಳೆ ಬಿಲ್ಲೆ ಇರುತ್ತಲ್ಲ, ಅದು ಚಂದಕ್ಕೆ ಅಂದ್ಕೊಂಡ್ರಾ?"

ಆಮೇಲೆ ಆರು ಗುಂಡಿನ ಉರುಳೆ ಸುತ್ತುವ ರಿವಾಲ್ವರ್ ಬಂತು. ಆಯುಧ ಕುದುರೆಯಿಂದಿಳಿದು ಮನುಷ್ಯನ ಸೊಂಟಕ್ಕೆ ಬಂತು. ಯುದ್ಧದ ಕಂದಕಗಳ ಕೆಸರು ಒಳನುಗ್ಗದಂತೆ ಒರೆಗೆ ದೊಡ್ಡ ಮುಚ್ಚಳ ಬಂತು, ಕೈಜಾರಿದರೂ ಕಳೆಯದಂತೆ ಆಯುಧದ ಹಿಡಿಯಿಂದ ಸಿಪಾಯಿಯ ಕೊರಳಿಗೆ ಹಗ್ಗ ಬಂತು. ಇನ್ನೂ ಮುಂದೆ ಗುಂಡುಗಳು ಸಾಲಾಗಿ ಹಿಡಿಯೊಳಗೇ ಕೂರತೊಡಗಿದಾಗ ಪಿಸ್ತೂಲು ಚಪ್ಪಟೆಯಾಯಿತು, ಒರೆಯೂ ಹೊಟ್ಟೆ ಕರಗಿಸಿಕೊಂಡು ಹೆಚ್ಚುವರಿ ಗುಂಡುಗಳಿಗೆಂದು ಪಕ್ಕಕ್ಕೊಂದು ಪುಟ್ಟ ಜೇಬು ಕಟ್ಟಿಕೊಂಡಿತು. ಈಗ ಯಂತ್ರದಲ್ಲಿ ಅಚ್ಚು ಹೊಡೆದ ಪ್ಲಾಸ್ಟಿಕ್ ಒರೆಗಳ ಕಾಲ. ಸೇನೆಗೆ ಸೂಜಿಯವರು ಬೇಡವಾದ ವರ್ಷವೇ ಒರೆಯಮ್ಮನನ್ನು ಸಂಗ್ರಹಾಲಯ ಕರೆಯಿತು.

"ಪ್ಲಾಸ್ಟಿಕ್ ಚೆನ್ನಾಗೇ ಇದೆ, ಸುಳ್ಳು ಯಾಕೆ ಹೇಳ್ಲಿ," ಎನ್ನುತ್ತಾರೆ. "ನೆನೆಯಲ್ಲ, ಕೊಳೆಯಲ್ಲ. ಆದ್ರೆ ಅದಕ್ಕೆ ಯಾರ ಕೈಯೂ ಗೊತ್ತಿರಲ್ಲ."

ಚರ್ಮಕ್ಕೆ ಕೈ ಗೊತ್ತಿರುತ್ತದೆ. ಒದ್ದೆ ಚರ್ಮವನ್ನು ಪಿಸ್ತೂಲಿನ ಸುತ್ತ ಬೆರಳಿಂದ ಒತ್ತಿ ಒತ್ತಿ ಆಕಾರ ಕೂರಿಸಬೇಕು. ಪಿಸ್ತೂಲು ಮುಂದಿಲ್ಲದೆ ಒರೆ ಹೊಲಿಯುವಂತಿಲ್ಲ. ಕೂಸು ಹುಟ್ಟುವ ಮುನ್ನ ಕುಲಾವಿ ಹೊಲಿಯುವ ಮಾತು ಈ ಕಸುಬಿನಲ್ಲಿ ನಡೆಯುವುದಿಲ್ಲ. ಒಮ್ಮೆ ಒಣಗಿದರೆ ಆ ಒರೆ ಆ ಒಂದು ಪಿಸ್ತೂಲಿನದ್ದೇ.

ಆದರೆ ಈ ದಾಂಪತ್ಯದಲ್ಲೊಂದು ಕೆಡುಕಿದೆ. ಚರ್ಮ ಹದ ಮಾಡುವ ತೊಗಟೆಯ ಹುಳಿ ಒಳಗೇ ಉಳಿದಿರುತ್ತದೆ. ಸೊಂಟದ ಮೇಲಿರುವಷ್ಟು ದಿನ ಪಿಸ್ತೂಲನ್ನು ಕಾಯುವ ಒರೆ, ಪೆಟ್ಟಿಗೆಯಲ್ಲಿ ಮಲಗಿಸಿದರೆ ಅದನ್ನೇ ತಿನ್ನುತ್ತದೆ. ಉಕ್ಕಿಗೆ ತುಕ್ಕು, ಮುಚ್ಚಳದ ಹಿತ್ತಾಳೆ ಗುಂಡಿಗೆ ಕಿಲುಬು. ಹಾಗಾಗಿ ಹೊಲಿಯುವುದಕ್ಕಿಂತ ಒರೆಯನ್ನೂ ಪಿಸ್ತೂಲನ್ನೂ ಅಗಲಿಸುವುದೇ ಈಗ ಅವರ ಹೆಚ್ಚಿನ ಕೆಲಸ.

ಮೇಜಿನ ಮೇಲಿರುವ ಜೋಡಿ ಹಾಗೆ ಅಂಟಿಕೊಂಡದ್ದು. ಯಾವುದೋ ಶಸ್ತ್ರಾಗಾರದ ತೇವದ ಮೂಲೆಯಲ್ಲಿ ಮರೆತುಹೋಗಿದ್ದ ಪೆಟ್ಟಿಗೆಯಲ್ಲಿ ಸಿಕ್ಕಿತು. ಸೇನೆ ರಿವಾಲ್ವರ್ ಬಿಟ್ಟು ಹೊಸ ಪಿಸ್ತೂಲಿಗೆ ಬದಲಾಗುತ್ತಿದ್ದಾಗ ಬಳಕೆಯಲ್ಲಿದ್ದ ಕೊನೆಯ ಮಾದರಿ ಅದು, ಸಂಗ್ರಹಾಲಯದಲ್ಲಿ ಬೇರೊಂದಿಲ್ಲ. ಕೈಬಂದೂಕುಗಳ ಹೊಸ ವಿಭಾಗದ ನಡುವಿನ ಗಾಜಿನ ಪೆಟ್ಟಿಗೆಯಲ್ಲಿ ಅದೇ ಕೂರಬೇಕು. ಗಾಜು ಮುಚ್ಚುವುದು ನಾಳೆ.

ಲೋಹದ ಆಯುಧಗಳ ಹೊಣೆ ಹೊತ್ತ ತಜ್ಞರನ್ನು ಇಲ್ಲಿ ಎಲ್ಲರೂ ಬಂದೂಕಿನ ಡಾಕ್ಟರು ಎನ್ನುತ್ತಾರೆ. ಅವರು ಎಕ್ಸ್‌ರೇ ತೆಗೆಸಿ, ಒಳಗೆ ಗುಂಡಿಲ್ಲವೆಂದು ಖಚಿತಪಡಿಸಿಕೊಂಡು, ಒರೆಯನ್ನು ಕತ್ತರಿಸುವುದೇ ದಾರಿ ಎಂದರು. ಅವರ ಮಾತಿನಲ್ಲಿ ತಪ್ಪಿಲ್ಲ. ತುಕ್ಕು ದಿನವೂ ಉಕ್ಕು ತಿನ್ನುತ್ತಿದೆ. ಹೊಲಿಗೆ ಬಿಚ್ಚೋಣವೆಂದರೆ ಒಣಗಿದ ಚರ್ಮ ತೂತಿನಿಂದ ತೂತಿಗೆ ಅಂಚೆಚೀಟಿಯಂತೆ ಹರಿಯುತ್ತದೆ.

ಒರೆಯಮ್ಮ ಕತ್ತರಿಗೆ ಅಡ್ಡ ಕೈ ಹಿಡಿದರು. ಅದರ ಹೊಲಿಗೆಗಳೆಲ್ಲ ಎಡಕ್ಕೆ ವಾಲಿದ್ದವು.

"ನಮ್ಮಪ್ಪ ಎಡಚ ಸಾರ್. ಇದು ಅವರ ಕೈ. ಅವರು ಹೊಲಿದಿದ್ದು ನನ್ನ ಹತ್ರ ಒಂದೂ ಉಳಿದಿಲ್ಲ. ಎಲ್ಲಾ ಸೇನೆಗೆ ಹೋಯ್ತು."

ಡಾಕ್ಟರು ಕತ್ತರಿಯನ್ನು ಡ್ರಾಯರಿಗೆ ಹಾಕಿದರು. ಇವತ್ತು ಮಧ್ಯಾಹ್ನದವರೆಗೆ ಸಮಯ ಕೊಟ್ಟಿದ್ದಾರೆ. ಅಷ್ಟರಲ್ಲಿ ಬರದಿದ್ದರೆ ಕತ್ತರಿಯೇ ಗತಿ.

ಎಣ್ಣೆ ಹಾಕಿದರೆ ಚರ್ಮ ಕೆಡುತ್ತದೆ, ನೀರಾವಿ ಕೊಟ್ಟರೆ ಉಕ್ಕು ಕೆಡುತ್ತದೆ. ಹಾವೂ ಸಾಯಬಾರದು, ಕೋಲೂ ಮುರಿಯಬಾರದು. ಉಳಿದ ಉಪಾಯ ಒಂದೇ, ಅದನ್ನು ಸೂಚಿಸಿದವರೂ ಡಾಕ್ಟರೇ: ಕೂದಲಿನಷ್ಟು ತೆಳುವಾದ ಪ್ಲಾಸ್ಟಿಕ್ ಪಟ್ಟಿಗಳನ್ನು ಚರ್ಮಕ್ಕೂ ಉಕ್ಕಿಗೂ ನಡುವೆ ತೂರಿಸುತ್ತಾ ಹೋಗುವುದು. ಒಂದು ಪಟ್ಟಿ ಅಕ್ಕಿಕಾಳಿನಷ್ಟು ಇಳಿದರೆ ಒರೆಯಮ್ಮ ಕೈ ತೆಗೆದು ಬೆರಳು ಚಾಚುತ್ತಾರೆ, ಮತ್ತೆ ಹಿಡಿಯುತ್ತಾರೆ. ನನಗೆ ಉಸಿರು ಜೋರಾಗಿ ಬಿಡಲೂ ಭಯ.

ನಡುವೆ ಚಹಾ. ಫ್ಲಾಸ್ಕ್ ತುಂಬಿ ಕಳಿಸಿದವರು ಮನೆಯ ಯಜಮಾನರು, ನಿವೃತ್ತ ಬಸ್ ಚಾಲಕರು. ಸಂಜೆ ಹೊತ್ತು ಹೆಂಡತಿಯ ನೂಲಿಗೆ ಜೇನುಮೇಣ ಉಜ್ಜಿಕೊಡುವುದು ಅವರ ಕೆಲಸ. "ಉಜ್ಜುತ್ತಾ ಉಜ್ಜುತ್ತಾ ನನ್ನ ಮೊದಲ ಹೊಲಿಗೆ ಕತೆ ತೆಗೆದು ರೇಗಿಸ್ತಾರೆ," ಎನ್ನುತ್ತಾರೆ ಒರೆಯಮ್ಮ. ಯಾವ ಕತೆ?

ರಿವಾಲ್ವರಿನ ನಳಿಗೆಯ ತುದಿಯಲ್ಲಿ ಗುರಿ ನೋಡುವ ಪುಟ್ಟ ಮೊನೆ ಇರುತ್ತದೆ. ಅದು ಒರೆಗೆ ಗೀರದಂತೆ ಒಳಗೆ ತಳದ ಹತ್ತಿರ ಒಂದು ಚರ್ಮದ ಪಟ್ಟಿ ಹೊಲಿಯುತ್ತಾರೆ. ಒರೆಯನ್ನು ಮಡಿಸಿ ಮುಚ್ಚುವ ಮೊದಲೇ ಅದನ್ನು ಕೂರಿಸಬೇಕು. ಚಿಕ್ಕ ಹುಡುಗಿಯಾಗಿದ್ದಾಗ, ಅಪ್ಪ ಊಟಕ್ಕೆ ಎದ್ದ ಹೊತ್ತಿನಲ್ಲಿ, ಇವರು ತಾವೇ ಒಂದು ಪಟ್ಟಿ ಹೊಲಿದುಬಿಟ್ಟರು. ಕಂದು ನೂಲು ಸಿಗಲಿಲ್ಲವೆಂದು ಮೆರವಣಿಗೆಯ ಜೀನುಗಳ ಅಲಂಕಾರಕ್ಕೆ ಇಟ್ಟಿದ್ದ ಕೆಂಪು ನೂಲು ತೆಗೆದರು. ಸೇನೆಯ ಮಾಲಿಗೆ ಕೆಂಪು ನೂಲು!

"ಅಪ್ಪ ಬಂದು ನೋಡಿದ್ರು. ಬೈಲಿಲ್ಲ. 'ತಪಾಸಣೆಯವರು ನೋಡಿದ್ರೆ ನನ್ನ ತಲೆ ತೆಗೀತಾರೆ ಕಣಮ್ಮ, ಬಿಚ್ಚಿ ಹೊಲೀತೀನಿ ಬಿಡು' ಅಂದ್ರು. ನಾನು ಅತ್ತುಕೊಂಡು ಮಲಗಿಬಿಟ್ಟೆ. ಅದಕ್ಕೇ ನಮ್ಮನೆಯವರು ಅನ್ನೋದು, 'ನಿನ್ನ ಮೊದಲನೇ ಹೊಲಿಗೆ ಒಂದು ರಾತ್ರಿನೂ ಬಾಳಲಿಲ್ಲ' ಅಂತ."

ಲೋಟ ಕೆಳಗಿಟ್ಟು ಮತ್ತೆ ಪಟ್ಟಿ ಹಿಡಿಯುತ್ತಾರೆ. ಕಿಟಕಿಯಾಚೆ ಕಾಲುಗಳು ಹೆಚ್ಚುತ್ತವೆ. ಎಸಿ ಶುರುವಾಗುತ್ತದೆ, ಡಾಕ್ಟರು ಒಳಬಂದು ಮೊದಲು ಅದನ್ನು ಆರಿಸಿ, ಆಮೇಲೆ ಒರೆಯ ತಳವನ್ನು ಎರಡೂ ಅಂಗೈಯಲ್ಲಿ ಹಿಡಿದು ಕೂರುತ್ತಾರೆ. ಒರೆಯಮ್ಮ ರಿವಾಲ್ವರಿನ ಹಿಡಿಯನ್ನು ಎಳೆಯುವುದಿಲ್ಲ, ಸುಮ್ಮನೆ ಎಡಕ್ಕೆ ಬಲಕ್ಕೆ ಅಲುಗಿಸುತ್ತಾರೆ. ಎಲ್ಲೋ ಒಳಗೆ ಸಣ್ಣಗೆ ಚರಕ್ಕೆಂದು ಸದ್ದಾಗುತ್ತದೆ. ಹರಿಯಿತೇ? ಇಲ್ಲ. ಉರುಳೆಯ ಉಬ್ಬು ಚರ್ಮದ ಬಾಯಿ ದಾಟುತ್ತದೆ, ಅದರ ಹಿಂದೆಯೇ ಉದ್ದನೆಯ ನಳಿಗೆ ಜಾರಿ ಹೊರಬರುತ್ತದೆ.

ರಿವಾಲ್ವರಿನ ಒಂದು ಮೈಗೆ ತುಕ್ಕು ಹಿಡಿದಿದೆ, ಉಳಿದದ್ದು ಚೆನ್ನಾಗಿದೆ. ಡಾಕ್ಟರು ಅದನ್ನು ಕೂಸಿನಂತೆ ಬಟ್ಟೆಯಲ್ಲಿ ಸುತ್ತಿ ಆಚೆ ಮೇಜಿಗೆ ಒಯ್ಯುತ್ತಾರೆ. ಒರೆಯಮ್ಮ ಅದರ ಕಡೆ ನೋಡುವುದೇ ಇಲ್ಲ. ಹಲ್ಲಿನ ವೈದ್ಯರು ಬಳಸುವಂಥ ಉದ್ದ ಹಿಡಿಯ ಕನ್ನಡಿಯನ್ನು ಒರೆಯೊಳಗೆ ಇಳಿಸಿ, ಚರ್ಮ ಎಲ್ಲಾದರೂ ಹರಿದಿದೆಯೇ ಎಂದು ಟಾರ್ಚ್ ಬಿಟ್ಟು ನೋಡುತ್ತಾರೆ. ನೋಡುತ್ತಲೇ ಇರುತ್ತಾರೆ. ಆಮೇಲೆ ಟಾರ್ಚನ್ನು ನನ್ನ ಕೈಗೆ ಕೊಡುತ್ತಾರೆ.

ತಳದ ಹತ್ತಿರ ಒಂದು ಪುಟ್ಟ ಪಟ್ಟಿ. ಅದರ ಎರಡೂ ಅಂಚಿಗೆ ಹಾವಿನಂತೆ ಸೊಟ್ಟಸೊಟ್ಟಗೆ ಸಾಗಿರುವ ಹೊಲಿಗೆ, ಬಲಕ್ಕೆ ವಾಲಿದ ಹೊಲಿಗೆ. ನೂಲು ಕೆಂಪು.

ಡಾಕ್ಟರು ಕತೆ ಕೇಳಿ ಖುಷಿಯಾಗಿ, ಗಾಜಿನೊಳಗೂ ಅಂಥದ್ದೇ ಕನ್ನಡಿ ಇಟ್ಟು ಜನರಿಗೆ ತೋರಿಸೋಣ ಎನ್ನುತ್ತಾರೆ. ಒರೆಯಮ್ಮ ತಲೆಯಾಡಿಸುತ್ತಾರೆ. "ಬೇಡ ಸಾರ್. ಅಪ್ಪ ತಪಾಸಣೆಯವರಿಂದ ಬಚ್ಚಿಟ್ಟಿದ್ದು, ಒಳಗೇ ಇರ್ಲಿ. ಗಾಜಿನಲ್ಲಿ ಒರೆ ಇದ್ರೆ ಸಾಕು." ಕಣ್ಣು ಒದ್ದೆಯಾಗಿದೆ, ಒರೆಸಿಕೊಳ್ಳಲು ಸೆರಗಾಗಲಿ ಕರವಸ್ತ್ರವಾಗಲಿ ಹುಡುಕದೆ, ಮೇಣದ ವಾಸನೆಯ ಅಂಗೈಯಲ್ಲೇ ಒರೆಸಿಕೊಂಡು ಮನೆಗೆ ಫೋನು ಹಚ್ಚುತ್ತಾರೆ.

"ರೀ, ಕೇಳಿಸ್ತಾ? ಅಪ್ಪ ಬಿಚ್ಚಿರಲಿಲ್ಲ ಕಣ್ರೀ... ಹೌದು, ಅದೇ ಕೆಂಪು ನೂಲು. ಸೊಟ್ಟ ಅಂದ್ರೆ ಸೊಟ್ಟ. ಆದ್ರೆ ಇಷ್ಟು ವರ್ಷ ಆದ್ರೂ ಒಂದು ಹೊಲಿಗೆನೂ ಬಿಟ್ಟಿಲ್ಲ."